ಪೆದ್ದಿಯನ್ನು ಬೈದು ಕಳಿಸಿದ ದಿನ

ಕಪ್ತಾನರ ಹೊಸ ಕೋಟಿನ ಬಲತೋಳು ಸರಿಯಾಗಿ ಕೂತಿತು. ಎಡತೋಳು ಹಾಕಿಸುವ ಮೊದಲು ಕನ್ನಡಿ ತರೋಣವೆಂದು ದರ್ಜಿ ಆ ಕಡೆ ತಿರುಗಿದ್ದೇ ತಪ್ಪಾಯಿತು. ಈ ಕಡೆ ತಿರುಗುವಷ್ಟರಲ್ಲಿ ಎಡತೋಳು ಪೆದ್ದಿಯ ಬಾಯೊಳಗಿತ್ತು. ಹಿತ್ತಲ ಕಿಟಕಿಯಿಂದ ತಲೆ ತೂರಿಸಿ, ಕಣ್ಣು ಅರೆಮುಚ್ಚಿ, ಅವಳು ಸಾವಕಾಶವಾಗಿ ಅಗಿಯುತ್ತಿದ್ದಳು. ಬಲತೋಳಿನಲ್ಲಿ ಸಿಕ್ಕಿಕೊಂಡಿದ್ದ ಕಪ್ತಾನರು ಒಂದೊಂದೇ ಹೆಜ್ಜೆ ಕಿಟಕಿಯ ಕಡೆ ಜರುಗುತ್ತಿದ್ದರು.

"ಬಿಡಿಸ್ರೀ ಇದನ್ನ!"

ದರ್ಜಿ ಓಡಿಬಂದು ಪೆದ್ದಿಯ ಮೂತಿ ನೇವರಿಸಿದ. "ಬೇಡ ಕಂದಾ, ಗುಂಡಿ ಗಂಟಲಲ್ಲಿ ಸಿಕ್ಕಿಕೊಳ್ಳುತ್ತೆ. ಗುಂಡಿ ಉಗುಳಿಬಿಡು. ಬಟ್ಟೆ ಬೇಕಾದ್ರೆ ತಿನ್ನು."

ಪೆದ್ದಿ ಗುಂಡಿ ಉಗುಳಿದಳು, ಬಟ್ಟೆ ನುಂಗಿದಳು. ಕಪ್ತಾನರು ಅರ್ಧ ಕೋಟಿನಲ್ಲಿ ನಿಂತು ದರ್ಜಿಯನ್ನೇ ನೋಡಿದರು. ಅವರ ಮುಖದಲ್ಲಿ ಸಿಟ್ಟಿಗಿಂತ ಗಾಬರಿಯೇ ಹೆಚ್ಚಾಗಿತ್ತು.

"ಇದೇನ್ರೀ ನೀವು ಬೈಯೋ ಚೆಂದ? ಇವತ್ತು ಸಂಜೆ ಇವಳನ್ನ ಬೈದು ಕಳಿಸ್ಬೇಕಾದೋರು ನೀವೇ ತಾನೆ?"

"ಹೌದು," ಎಂದ ದರ್ಜಿ. ಕೋಟು ತಿಂದವನು ತಾನೇ ಎಂಬಂತಿತ್ತು ಅವನ ದನಿ.

ಪೆದ್ದಿ ಹುಡುಗಿಯಲ್ಲ, ಎಮ್ಮೆಯೂ ಅಲ್ಲ. ಅವಳು ಹಡಗು. ಮನೆಯ ಸೂರಿಗಿಂತ ಎತ್ತರದ, ಬೆಚ್ಚನೆಯ ಮೈಯ, ಉಸಿರಾಡುವ ಹಡಗು. ಬಂದರಿನ ಬಾಯಿ ದಾಟಿದರೆ ಸಿಗುವ ಕಡಲುಗಳು ಅಂಥವು. ಒಂದು ಕಡೆ ನೀರು ಒಣಗಲು ಹಾಕಿದ ಹೊದಿಕೆಯಂತೆ ನೆಟ್ಟಗೆ ನೇತಾಡುತ್ತದೆ. ಇನ್ನೊಂದು ಕಡೆ ನಿನ್ನೆಯ ಮಧ್ಯಾಹ್ನ ಮುಳುಗದೆ ಇನ್ನೂ ತೇಲುತ್ತಿರುತ್ತದೆ. ಮರದ ಹಡಗು ಅಲ್ಲಿಗೆ ಹೋದರೆ ತಾನು ಮರವೆಂಬುದು ನೆನಪಾಗಿ ಚಿಗುರೊಡೆದು ನಿಂತುಬಿಡುತ್ತದೆ. ಕಬ್ಬಿಣದ್ದು ಕೆಂಪಾಗಿ, ಕರಗಿ, ಮಣ್ಣಾಗಿ ಹೋಗುತ್ತದೆ. ಆಚೆ ದಡದಲ್ಲಿಯೂ ಮನುಷ್ಯರಿದ್ದಾರೆ, ಅವರಿಗೂ ಉಪ್ಪು, ಔಷಧಿ, ಹೊಲಿದ ಬಟ್ಟೆ ಬೇಕು. ಹಾಗಾಗಿ ಆ ನೀರಿಗೆ ಜೀವವಿರುವ ಹಡಗೇ ಆಗಬೇಕು, ಅದರಲ್ಲೂ ಕಿವಿಹಡಗಿನ ಜಾತಿಯೇ ಆಗಬೇಕು.

ಕಿವಿಹಡಗಿಗೆ ಹಾಯಿ ಇಲ್ಲ, ಹಾಯಿಯಷ್ಟೇ ದೊಡ್ಡ ಎರಡು ಕಿವಿಗಳಿವೆ. ಕಣ್ಣಿಗೆ ಕಂಡದ್ದೆಲ್ಲ ಸುಳ್ಳಾಗುವ ಕಡಲಿನಲ್ಲಿ ಅದು ಕೇಳಿಸಿಕೊಂಡು ದಾರಿ ಹಿಡಿಯುತ್ತದೆ. ಕಿವಿ ಯಾವ ಕಡೆ ಅರಳಿದರೆ ಆ ಕಡೆಗೆ ಗಾಳಿ ತುಂಬಿ ಓಡುತ್ತದೆ. ಕಷ್ಟವೂ ಅದೇ. ಮರಿಯಾಗಿದ್ದಾಗಿನಿಂದ ಯಾರದೋ ಹಿತ್ತಲ ಕಾಲುವೆಯಲ್ಲಿ ಬೆಳೆದ ಹಡಗಿಗೆ ಆ ಮನೆಯ ದನಿ ಕಿವಿಯಿಂದ ಹೋಗುವುದೇ ಇಲ್ಲ. ನಡುಗಡಲಿನಲ್ಲಿ ಅದು ನೆನಪಾದರೆ ಮೈಮೇಲಿರುವ ಜನರನ್ನೆಲ್ಲ ಹೊತ್ತುಕೊಂಡು ಮನೆಗೆ ಹೊರಟುಬಿಡುತ್ತದೆ. ಅದಕ್ಕಾಗಿ ಬೆಳೆದ ಹಡಗನ್ನು ಕಪ್ತಾನರಿಗೆ ಒಪ್ಪಿಸುವ ದಿನ, ಸಾಕಿದವರೇ ಕಟ್ಟೆಯ ಮೇಲೆ ನಿಂತು, ಹಡಗು ಮನಸ್ಸು ಮುರಿದು ದಡಕ್ಕೆ ಕಿವಿ ಮಡಿಸುವವರೆಗೂ ಅದನ್ನು ಬೈಯಬೇಕು. ಹಾಗೆ ಹೋದ ಹಡಗು ಸಾಕಿದ ಬಂದರಿಗೆ ಮತ್ತೆ ಬರುವುದಿಲ್ಲ. ಉಬ್ಬರದ ನೀರು ಇಳಿಯುವುದರೊಳಗೆ ಹೋಗದ ಹಡಗನ್ನು ಹಗ್ಗ ಹಾಕಿ ಕಟುಕರ ಕಟ್ಟೆಗೆ ಎಳೆಯುತ್ತಾರೆ. ಅದರ ಎಣ್ಣೆ ದೀಪಕ್ಕೆ, ತೊಗಲು ಚೀಲಕ್ಕೆ.

"ಸಾಹೇಬ್ರೇ, ನಾನೂ ಜೊತೆಗೆ ಬಂದ್ಬಿಟ್ರೆ?" ಎಂದು ದರ್ಜಿ ಮೆಲ್ಲಗೆ ಕೇಳಿದ. "ಕಸ ಗುಡಿಸ್ತೀನಿ, ಹರಿದದ್ದು ಹೊಲೀತೀನಿ."

"ಸಾಕಿದೋನು ಹತ್ತಿದ್ರೆ ಹಡಗು ಅಲ್ಲಾಡಲ್ಲ ಕಣ್ರೀ. ಮನೆ ಬೆನ್ನ ಮೇಲೇ ಇದೆ, ಎಲ್ಲಿಗೆ ಯಾಕೆ ಹೋಗ್ಲಿ ಅಂತ ನಿಂತುಬಿಡುತ್ತೆ." ಕಪ್ತಾನರು ಮೆತ್ತಗಾದರು. "ಆ ಮಾತುಗಳ ಕಡಲಿನ ಆಸೆ ಅಲ್ವಾ ನಿಮಗೆ?"

ಪೆದ್ದಿ ಉಗುಳಿದ ಗುಂಡಿಯನ್ನು ದರ್ಜಿ ಹೆಕ್ಕಿಕೊಂಡ. ಆ ದಾರಿಯಲ್ಲಿ ಮಾತುಗಳು ಮುಳುಗದ ಒಂದು ಕಡಲಿದೆ. ತೀರಿಹೋದವರು ಎಂದೋ ಆಡಿದ್ದು ಅಲ್ಲಿ ಇನ್ನೂ ತೇಲುತ್ತಿರುತ್ತದಂತೆ, ಹಡಗಿಗೆ ತಾಗಿದಾಗ ಕೇಳಿಸುತ್ತದಂತೆ. ಹೆಂಡತಿ ಹೋದ ಮೇಲೆ ದರ್ಜಿ ಎಷ್ಟೋ ಕಪ್ತಾನರಿಗೆ ಕೋಟು ಹೊಲಿಯುತ್ತಾ ಆ ಕಡಲಿನ ಸುದ್ದಿ ಕೇಳಿದ್ದ.

ಪೆದ್ದಿಯನ್ನು ಮನೆಗೆ ತಂದವಳು ಅವಳೇ. ಮಕ್ಕಳಾಗಲಿಲ್ಲ, ಹಡಗಾದರೂ ಬರಲಿ ಎಂದು ಬಂದರಿಗೆ ಹೋಗಿ ಜಗಳವಾಡಿ ಮರಿ ತಂದಿದ್ದಳು. ಮೊದಲ ದಿನವೇ ಅದು ಹಿತ್ತಲ ಗೋಡೆಗೆ ಡಿಕ್ಕಿ ಹೊಡೆದು ಪಿಳಿಪಿಳಿ ಕಣ್ಣು ಬಿಟ್ಟಾಗ ಪೆದ್ದಿ ಎಂದು ಹೆಸರಿಟ್ಟಳು. ಅವಳದು ಬೈಯುವ ಬಾಯಿ. ಕಾಲುವೆಯ ಮೆಟ್ಟಿಲ ಮೇಲೆ ಕೂತು ಪೆದ್ದಿಗೆ ಪಾಚಿಯ ಉಂಡೆ ತಿನ್ನಿಸುತ್ತಾ, ಕಿಟಕಿಯ ಒಳಗೆ ಮಿಷನ್ ತುಳಿಯುತ್ತಿದ್ದ ಗಂಡನನ್ನು ಬೈಯುತ್ತಿದ್ದಳು. ಎರಡು ಕೆಲಸವೂ ಒಂದೇ ಹೊತ್ತಿಗೆ ಮುಗಿಯುತ್ತಿತ್ತು. ಜ್ವರ ಬಂದು ಅವಳು ತೀರಿಕೊಂಡಾಗ ಅವಳ ತಾಯಿ ಬಂದರು, ಬಂದವರು ಅಲ್ಲೇ ಉಳಿದರು. ಅತ್ತೆಯದೂ ಮಗಳದೇ ದನಿ, ಸ್ವಲ್ಪ ತುಕ್ಕು ಹಿಡಿದಿತ್ತು ಅಷ್ಟೇ. ಅಳಿಯ ಎಂಬ ಮರ್ಯಾದೆಗೆ ಬಹುವಚನ ಬಿಡುತ್ತಿರಲಿಲ್ಲ, ಬಹುವಚನದಲ್ಲೇ ಬೆಳಗಿನಿಂದ ದೀಪ ಆರಿಸುವವರೆಗೂ ಬೈಯುತ್ತಿದ್ದರು. ಬೀದಿಯೆಲ್ಲ ಅವನನ್ನು ಕಂಡು "ಪಾಪ" ಎನ್ನುತ್ತಿತ್ತು. ಹಿತ್ತಲಿಗೆ ಮಾತ್ರ ಅತ್ತೆ ಕಾಲಿಡುತ್ತಿರಲಿಲ್ಲ. ಮಗಳು ಸಾಕಿದ್ದನ್ನು ನೋಡುವ ಧೈರ್ಯ ಅವರಿಗಿರಲಿಲ್ಲ.

ಈಗಲೂ ಅಡುಗೆಮನೆಯಿಂದ ಅವರ ದನಿ ಬಂತು. "ಅಳಿಯಂದ್ರೇ! ಚಪ್ಪಲಿ ಮತ್ತೆ ಬಾಗಿಲಿಗೆ ಅಡ್ಡ ಬಿಟ್ಟಿದ್ದೀರಲ್ಲ, ನಾನು ಎಡವಿ ಬಿದ್ದು ಸತ್ರೆ ನಿಮಗೆ ನೆಮ್ಮದೀನಾ?"

ಪೆದ್ದಿಯ ತಲೆ ಕಿಟಕಿಯಿಂದ ಇನ್ನಷ್ಟು ಒಳಗೆ ಬಂತು, ಹೊರಗೆ ಕಿವಿಗಳು ಪಟಪಟ ಅಂದವು. ಇವಳಿಗೂ ತಮಾಷೆ ನೋಡುವ ಚಪಲ ಎಂದುಕೊಂಡ ದರ್ಜಿ, ಹೋಗಿ ಚಪ್ಪಲಿಯನ್ನು ಗೋಡೆಯ ಪಕ್ಕಕ್ಕಿಟ್ಟ.

ಕಪ್ತಾನರು ಅರ್ಧ ಕೋಟಿನಲ್ಲೇ ಬೀದಿಗಿಳಿದದ್ದರಿಂದ ಸುದ್ದಿ ಹರಡಲು ಹೊತ್ತು ಬೇಕಾಗಲಿಲ್ಲ. ದರ್ಜಿಗೆ ಬೈಯಲು ಬರುವುದಿಲ್ಲ, ಪೆದ್ದಿ ಕಟುಕರ ಪಾಲು ಎಂದು ಎಲ್ಲರೂ ನಿರ್ಧರಿಸಿಬಿಟ್ಟರು. ಮೊದಲು ಬಂದವರು ಎದುರುಮನೆಯ ನಿವೃತ್ತ ಮೇಷ್ಟ್ರು. ಕೆಲಸ ಬಿಟ್ಟ ಮೇಲೆ ಪಾಠ ಹೇಳಲು ಯಾರೂ ಸಿಗದೆ ಅವರು ಒಣಗಿಹೋಗಿದ್ದರು.

"ಬೈಗುಳ ಅನ್ನೋದು ಅಭ್ಯಾಸದಿಂದ ಬರೋ ವಿದ್ಯೆ ಕಣಯ್ಯ. ಎದೆ ಮುಂದೆ ಮಾಡು. ಹುಬ್ಬು ಗಂಟಿಕ್ಕು. ಹಾಂ. ಈಗ ನನ್ನನ್ನೇ ಬೈಯಿ."

"ನಿಮ್ಮನ್ನಾ? ಅಯ್ಯೋ ಬೇಡ ಮೇಷ್ಟ್ರೇ."

"ನಾನು ಮೇಷ್ಟ್ರಲ್ಲ, ಹಡಗು ಅಂತ ತಿಳ್ಕೋ. ನನ್ನಲ್ಲಿ ಏನು ತಪ್ಪು ಕಾಣುತ್ತೋ ಅದನ್ನ ಧೈರ್ಯವಾಗಿ ಹೇಳು!"

ದರ್ಜಿ ಮೇಷ್ಟ್ರನ್ನು ಮೇಲಿಂದ ಕೆಳಗೆ ನೋಡಿದ. ಮನುಷ್ಯರಲ್ಲಿ ಅವನಿಗೆ ಕಾಣುವ ತಪ್ಪು ಒಂದೇ, ಅಳತೆಯದು. ಉಗುಳು ನುಂಗಿ ಹೇಳಿದ. "ನಿಮ್ಮ ಸೊಂಟದ ಸುತ್ತಳತೆ ಎದೆಯದಕ್ಕಿಂತ ಜಾಸ್ತಿ ಆಗಿದೆ ಮೇಷ್ಟ್ರೇ. ನೀವು ಬೇಜಾರಾಗ್ಬಾರದು ಅಂತ ಪ್ರತಿ ಸಲ ನಿಮಗೆ ಹೇಳದೆ ಪ್ಯಾಂಟಿನ ಹೊಲಿಗೆ ಬಿಚ್ಚಿ ಬಿಚ್ಚಿ ಸಡಿಲ ಮಾಡ್ತಾ ಬಂದಿದ್ದೀನಿ. ಇನ್ನು ಬಿಚ್ಚೋಕೆ ಒಳಗೆ ಬಟ್ಟೆ ಉಳಿದಿಲ್ಲ."

ಮೇಷ್ಟ್ರ ಮುಖ ಇಳಿದುಹೋಯಿತು. ತಾನು ಹರೆಯದಲ್ಲಿ ಇದ್ದ ಹಾಗೇ ಇದ್ದೇನೆ, ಅದಕ್ಕೆ ಹಳೆಯ ಪ್ಯಾಂಟೇ ಸಾಕ್ಷಿ ಎಂದು ಅವರು ಇಡೀ ಬೀದಿಗೆ ಹೇಳಿಕೊಂಡು ಓಡಾಡಿದ್ದರು. ಹೊಟ್ಟೆ ಒಳಗೆಳೆದುಕೊಂಡು, ಎದ್ದು ಹೊರಟರು. ದರ್ಜಿ ಅಳತೆಪಟ್ಟಿಯನ್ನು ಕೊರಳಲ್ಲಿ ನೇತುಹಾಕಿಕೊಂಡೇ ಅವರ ಹಿಂದೆ ಓಡಿ, ಅವರ ಮನೆಯ ಬಾಗಿಲವರೆಗೂ ಕ್ಷಮೆ ಕೇಳಿದ. "ಅಳತೆಪಟ್ಟಿಯೇ ಸರಿ ಇಲ್ಲ ಮೇಷ್ಟ್ರೇ, ಹಳೇದು, ಹಿಗ್ಗಿದೆ," ಎಂದ. ಪಟ್ಟಿ ಹಿಗ್ಗಿದ್ದರೆ ಸೊಂಟ ಇನ್ನೂ ದೊಡ್ಡದೆಂದಾಗುತ್ತದೆ ಎಂಬುದನ್ನು ಲೆಕ್ಕ ಬಲ್ಲ ಮೇಷ್ಟ್ರು ಕೂಡಲೇ ಕಂಡುಕೊಂಡರು. ಬಾಗಿಲು ಧಡಾರನೆ ಮುಚ್ಚಿತು.

ಆ ಸದ್ದಿಗೆ ಪಕ್ಕದ ಮನೆಯ ಮೀನಕ್ಕ ಹೊರಗೆ ಬಂದಳು. ಮಾರುಕಟ್ಟೆಯಲ್ಲಿ ಮೀನು ಮಾರುವ ಅವಳ ಬಾಯಿಗೆ ಬಂದರಿನ ಹಮಾಲರೂ ದಾರಿ ಬಿಡುತ್ತಿದ್ದರು. "ಪುಸ್ತಕ ಓದಿದೋರ ಹತ್ರ ಬೈಯೋದು ಕಲಿಯೋಕಾಗುತ್ತಾ ದರ್ಜಿಯಣ್ಣ? ನನ್ನ ಜೊತೆ ಬನ್ನಿ. ಸುಮ್ನೆ ನಿಂತು ನೋಡಿ, ಸಾಕು," ಎಂದು ಕೈ ಹಿಡಿದು ಎಳೆದುಕೊಂಡು ಹೋದಳು.

ದರ್ಜಿ ಅವಳ ಬುಟ್ಟಿಯ ಪಕ್ಕ ನಿಂತ. ಸ್ವಲ್ಪ ಹೊತ್ತಿಗೆ ಕನ್ನಡಕದ ಹೆಂಗಸೊಬ್ಬಳು ಬಂದು ಮೀನಿನ ಕಿವಿರು ಎತ್ತಿ ನೋಡಿ, ಮೂಗು ಮುರಿದಳು. ಮೀನಕ್ಕ ಸೊಂಟಕ್ಕೆ ಕೈಯಿಟ್ಟಳು. "ಏನಮ್ಮಾ, ಮೀನು ತಗೊಳ್ಳೋಕೆ ಬಂದ್ಯೋ, ಅದರ ಜಾತಕ ನೋಡೋಕೆ ಬಂದ್ಯೋ? ಆ ಮೂತಿ ನೋಡಿದ್ರೆ ಸತ್ತ ಮೀನೂ ಎದ್ದು ಓಡಿಹೋಗ್ಬೇಕು!"

ಹೆಂಗಸಿನ ಕಣ್ಣಲ್ಲಿ ನೀರಾಡಿತು. ದರ್ಜಿಗೆ ತಡೆಯಲಾಗಲಿಲ್ಲ. "ತಪ್ಪು ತಿಳೀಬೇಡಿ ಅಮ್ಮಾ. ಅವರು ಒಳ್ಳೆಯವರು. ನನಗೆ ಪಾಠ ಹೇಳೋಕೆ ಅಂತ ನಿಮ್ಮನ್ನ ಬೈದ್ರು," ಎಂದ.

"ಪಾಠಕ್ಕೆ ನನ್ನನ್ನ ಬೈದ್ರಾ?" ಎಂದು ಆ ಹೆಂಗಸು ಕನ್ನಡಕ ತೆಗೆದು ಕೈಲಿ ಹಿಡಿದಳು. ಅಷ್ಟು ಹೊತ್ತು ಅವಳು ಅಳುತ್ತಿರಲಿಲ್ಲ, ತಯಾರಾಗುತ್ತಿದ್ದಳು. ಅವಳಿಗೂ ಮೀನಕ್ಕನಿಗೂ ಹತ್ತಿದ ಜಗಳಕ್ಕೆ ಮಾರುಕಟ್ಟೆಯೇ ಸುತ್ತ ನೆರೆಯಿತು. ಎಲ್ಲ ಬೈಗುಳ ಮುಗಿದ ಮೇಲೆ ಇಬ್ಬರೂ ಸುಸ್ತಾಗಿ, ಇದಕ್ಕೆಲ್ಲ ಕಾರಣ ನಡುವೆ ಬಾಯಿ ಹಾಕಿದ ಈ ಗಂಡಸು ಎಂದು ಒಪ್ಪಂದಕ್ಕೆ ಬಂದು, ಬುಟ್ಟಿಯ ನೀರನ್ನು ಅವನ ಮೇಲೆ ಸುರಿದರು.

ಮೀನು ನಾರುತ್ತಾ ಕೂತ ದರ್ಜಿಗೆ ಮೀನಕ್ಕ ತನ್ನ ಸೆರಗನ್ನೇ ಒರೆಸಿಕೊಳ್ಳಲು ಕೊಟ್ಟಳು. "ಸಿಟ್ಟು ಬಂದ್ರೆ ತಾನೆ ಬೈಗುಳ ಬರೋದು ಅಣ್ಣಾ? ಹುಟ್ಟಿದಾಗಿನಿಂದ ನಿಮಗೆ ಯಾರ ಮೇಲಾದ್ರೂ ಸಿಟ್ಟು ಬಂದಿದ್ಯಾ, ನಿಜ ಹೇಳಿ."

ದರ್ಜಿ ಮುಖ ಒರೆಸಿಕೊಂಡ. "ಒಂದ್ಸಲ ಬಂದಿತ್ತು," ಎಂದ.

"ಯಾರ ಮೇಲೆ?"

"ನನ್ನ ಹೆಂಡತಿ ಮೇಲೆ. ಹೋದ ದಿನ. ಜ್ವರ ಇದ್ರೂ ದಿನಾ ಬೈತಿದ್ಲು. ಗಂಜಿ ಬಿಸಿ ಆಯ್ತು, ತಣ್ಣಗಾಯ್ತು, ದಿಂಬು ಸರಿ ಇಲ್ಲ, ಚಪ್ಪಲಿ ಅಡ್ಡ ಇದೆ. ಅವತ್ತು ಬೆಳಿಗ್ಗೆ ಚಪ್ಪಲಿ ಅಡ್ಡಾನೇ ಇತ್ತು ಅಕ್ಕಾ. ಅವಳು ನೋಡಿದ್ಲು. ಬೈಲೇ ಇಲ್ಲ. ನನ್ನ ಕಡೆ ನೋಡಿ ಸುಮ್ನೆ ನಕ್ಳು. ಆಗಲೇ ನನಗೆ ಗೊತ್ತಾಗಿಹೋಯ್ತು." ಅವನು ಸೆರಗನ್ನು ಮಡಿಸಿ ವಾಪಸ್ಸು ಕೊಟ್ಟ. "ಒಂದು ಮಾತು ಬೈದು ಹೋಗಿದ್ರೆ ಏನಾಗ್ತಿತ್ತು ಅಂತ ಸಿಟ್ಟು ಬಂತು."

ಮೀನಕ್ಕ ಬುಟ್ಟಿಯೊಳಗೆ ಏನನ್ನೋ ಹುಡುಕುವವಳಂತೆ ತಲೆ ತಗ್ಗಿಸಿದಳು. ಬಾಯಿಯ ವಿಷಯದಲ್ಲಿ ಅವಳು ಸೋತದ್ದು ಆ ದಿನವೇ.

ಮನೆಗೆ ಬಂದರೆ ಅತ್ತೆ ಮೂಗು ಮುಚ್ಚಿಕೊಂಡು ಬಾಗಿಲಲ್ಲೇ ತಡೆದರು. "ಹಡಗನ್ನ ಬೈಯೋಕೆ ಕಲೀತೀನಿ ಅಂತ ಹೋದೋರು ಮೀನಾಗಿ ಬಂದ್ರಾ? ಬೈಯೋಕೂ ಬರಲ್ಲ ಅಂದ್ರೆ ಏನರ್ಥ ಅಳಿಯಂದ್ರೇ? ನನ್ನ ಮಗಳು ಅಷ್ಟು ವರ್ಷ ಹೇಳಿಕೊಟ್ಟಿದ್ದೆಲ್ಲ ನೀರಿಗೆ ಹೋಯ್ತಾ?"

ಸ್ನಾನ ಮಾಡಿ, ಊಟದ ತಟ್ಟೆಯ ಮುಂದೆ ಕೂತು, ದರ್ಜಿ ತುತ್ತು ಎತ್ತಲಾರದೆ ಎದ್ದ. ಬಂದರಿನ ಗಂಟೆ ಹೊಡೆಯಿತು. ಉಬ್ಬರ ಏರಿತ್ತು. ಹಿತ್ತಲ ಮೆಟ್ಟಿಲಿಳಿದು ಕಾಲುವೆಯ ಬಾಗಿಲು ತೆಗೆದ. ಪೆದ್ದಿ ಎಂದಿನಂತೆ ಗೋಡೆಗೊಂದು ಡಿಕ್ಕಿ ಹೊಡೆದು, ಅವನ ಪಕ್ಕಪಕ್ಕದಲ್ಲೇ ಈಜುತ್ತಾ, ಅವನ ಹೆಗಲಿಗೆ ಆಗಾಗ ಮೂತಿ ತಾಗಿಸುತ್ತಾ ಬಂದರಿಗೆ ಹೊರಟಳು. ಗಡಿಬಿಡಿಯಲ್ಲಿ ಅವನು ಚಪ್ಪಲಿ ಮೆಟ್ಟುವುದನ್ನೇ ಮರೆತಿದ್ದ.

ಬಂದರಿನ ಕಟ್ಟೆಯ ಮೇಲೆ ಬೀದಿಗೆ ಬೀದಿಯೇ ನೆರೆದಿತ್ತು. ದೂರದಲ್ಲಿ ಕಟುಕರ ಕಟ್ಟೆಯ ಆಳುಗಳು ಹಗ್ಗದ ಸುರುಳಿಯ ಮೇಲೆ ಕೂತು ಬೀಡಿ ಸೇದುತ್ತಿದ್ದರು. ಕಪ್ತಾನರು ಬೇರೆ ಕೋಟಿಲ್ಲದೆ ಒಂದೇ ತೋಳಿನ ಕೋಟು ತೊಟ್ಟು, ಗಂಭೀರವಾಗಿರಲು ಬಹಳ ಪ್ರಯತ್ನಪಡುತ್ತಿದ್ದರು. "ಶುರು ಮಾಡಿ," ಎಂದರು.

ದರ್ಜಿ ಎದೆ ಮುಂದೆ ಮಾಡಿದ. ಹುಬ್ಬು ಗಂಟಿಕ್ಕಿದ. ಪೆದ್ದಿ ಕತ್ತು ಓರೆ ಮಾಡಿ, ಇದೇನು ಹೊಸ ಆಟ ಎಂಬಂತೆ ನೋಡಿದಳು.

"ನೀನು... ನೀನು ಕಪ್ತಾನರ ಕೋಟು ತಿಂದೆ," ಎಂದ ದರ್ಜಿ. ಸ್ವಲ್ಪ ತಡೆದು, "ಹಸಿವಾಗಿತ್ತು ಅಂತ ಕಾಣುತ್ತೆ," ಎಂದೂ ಸೇರಿಸಿದ.

ಜನ ತಲೆ ಚಚ್ಚಿಕೊಂಡರು. "ಜೋರಾಗಿ!" ಎಂದು ಹಿಂದಿನಿಂದ ಮೇಷ್ಟ್ರ ದನಿ ಕೇಳಿತು. ಮುನಿಸಿಕೊಂಡಿದ್ದರೂ ಬಂದಿದ್ದರು. ನೀರು ಕಟ್ಟೆಯ ಕಲ್ಲಿನಿಂದ ಒಂದು ಗೆರೆ ಕೆಳಗೆ ಇಳಿಯಿತು. ಆಳುಗಳು ಬೀಡಿ ಎಸೆದು ಹಗ್ಗ ಕೈಗೆತ್ತಿಕೊಂಡರು.

ಹಗ್ಗ ಕಂಡದ್ದೇ ದರ್ಜಿ ಕಟ್ಟೆಯ ಅಂಚಿಗೆ ಬಂದ. ಬೈಯಬೇಕು, ಈಗಲೇ ಬೈಯಬೇಕು, ಬೈದರೆ ಮಾತ್ರ ಇವಳು ಬದುಕುತ್ತಾಳೆ. ಅವನಿಗೆ ಗೊತ್ತಿದ್ದ ಬೈಗುಳವಾದರೂ ಎಲ್ಲಿಯದು? ಅವನು ಕೇಳಿದ್ದು ಮಾತ್ರ. ಕಣ್ಣು ಮುಚ್ಚಿಕೊಂಡು ಬಾಯಿ ತೆರೆದ. ಅದರಿಂದ ಹೊರಬಂದದ್ದು ಅವನ ಹೆಂಡತಿ.

"ರೀ! ನಿಮಗೆ ಕಣ್ಣಿದ್ಯೋ ಇಲ್ವೋ? ಚಪ್ಪಲಿ ಬಾಗಿಲಿಗೆ ಅಡ್ಡ ಬಿಡ್ಬೇಡಿ ಅಂತ ಎಷ್ಟು ಸಲ ಹೇಳ್ಬೇಕು? ಹೊತ್ತೊತ್ತಿಗೆ ಊಟಕ್ಕೆ ಬರಲ್ಲ, ದೀಪ ಇಲ್ದೆ ಸೂಜಿಗೆ ದಾರ ಪೋಣಿಸ್ತೀರಿ, ಕಣ್ಣು ಹೋದ್ಮೇಲೆ ಯಾರ್ರೀ ನೋಡ್ಕೋತಾರೆ ನಿಮ್ಮನ್ನ? ನಾನೇನು ಶಾಶ್ವತವಾಗಿ ಇರ್ತೀನಾ? ಪೆದ್ದು! ಶುದ್ಧ ಪೆದ್ದು ನೀವು!"

ಚಪ್ಪಲಿಯೇ ಇಲ್ಲದ, ಕಾಲೇ ಇಲ್ಲದ ಹಡಗನ್ನು ಚಪ್ಪಲಿಗಾಗಿ ಬೈದದ್ದನ್ನು ಆ ಬಂದರು ಎಂದೂ ಕೇಳಿರಲಿಲ್ಲ. ಆದರೂ ಯಾರೂ ನಗಲಿಲ್ಲ, ಏಕೆಂದರೆ ಅವನ ಮುಚ್ಚಿದ ಕಣ್ಣಿನಿಂದ ನೀರು ಧಾರಾಕಾರವಾಗಿ ಇಳಿಯುತ್ತಿತ್ತು.

ಪೆದ್ದಿ ಕಿವಿ ಮಡಿಸಿದಳೇ? ಮಡಿಸಲಿಲ್ಲ. ಎರಡೂ ಕಿವಿಗಳು ಭರ್ರನೆ ಅರಳಿದವು, ಪೂರಾ ದಡದ ಕಡೆಗೆ. ಆ ಮಾತು ಅವಳ ಪಾಲಿಗೆ ಪಾಚಿಯ ಉಂಡೆ. ಆ ಮಾತು ಬಂದಾಗಲೆಲ್ಲ ಬಾಯಿಗೆ ತುತ್ತು ಬಿದ್ದಿತ್ತು, ಮೂತಿಗೆ ಕೈ ಸೋಕಿತ್ತು. ಬೈಗುಳವೆಂದರೆ ಅವಳಿಗೆ ಮನೆ. ಕಿವಿಗೆ ಗಾಳಿ ತುಂಬಿಕೊಂಡು ಅವಳು ನೇರವಾಗಿ ಕಟ್ಟೆಯ ಮೇಲೆಯೇ ಹತ್ತಿಬಿಟ್ಟಳು. ಕಪ್ತಾನರು ನೀರಿಗೆ ಬಿದ್ದರು, ಅವರನ್ನು ಹಿಡಿಯಹೋದ ಮೇಷ್ಟ್ರೂ ಬಿದ್ದರು. ಬಿದ್ದ ರಭಸಕ್ಕೆ, ಇನ್ನು ಬಿಚ್ಚಲು ಏನೂ ಉಳಿದಿರದ ಪ್ಯಾಂಟು ತಾನಾಗಿಯೇ ಬಿಚ್ಚಿತು. ಪೆದ್ದಿ ಯಾವುದನ್ನೂ ಲೆಕ್ಕಿಸದೆ ದರ್ಜಿಯ ಮುಖವನ್ನು ಗಲ್ಲದಿಂದ ಹಣೆಯವರೆಗೆ ನೆಕ್ಕಿದಳು.

ಮೇಲೆ ಹತ್ತಿಬಂದ ಕಪ್ತಾನರು ಒದ್ದೆ ತೋಳು ಹಿಂಡಿಕೊಂಡರು. "ಆಗಲ್ಲ ಕಣ್ರೀ. ಬೈದ್ರೆ ಹತ್ತಿರ ಬರೋ ಹಡಗನ್ನ ನಾನು ಹೇಗೆ ಕರ್ಕೊಂಡು ಹೋಗ್ಲಿ?" ಪೆದ್ದಿಯ ಮುಖ ನೋಡದೆ ಆಳುಗಳಿಗೆ ಕೈಸನ್ನೆ ಮಾಡಿದರು. ಹಗ್ಗ ಪೆದ್ದಿಯ ಕೊರಳಿಗೆ ಬಿತ್ತು. ಅದನ್ನೂ ಆಟವೆಂದೇ ತಿಳಿದು ಅವಳು ತಲೆ ಬಾಗಿಸಿದಳು.

"ಅಳಿಯಂದ್ರೇ!"

ಜನ ತಾವಾಗಿಯೇ ಸರಿದರು. ಅತ್ತೆ ಬರುತ್ತಿದ್ದರು, ಎರಡೂ ಕೈಯಲ್ಲಿ ಅಳಿಯನ ಒಂದೊಂದು ಚಪ್ಪಲಿ ಹಿಡಿದುಕೊಂಡು. "ಮತ್ತೆ ಬಾಗಿಲಿಗೆ ಅಡ್ಡ! ಎಡವಿ ಬಿದ್ದು ಮೊಣಕಾಲು ತರಚಿಕೊಂಡೆ! ಅನ್ನ ತಟ್ಟೇಲೇ ಇದೆ, ಬರಿಗಾಲಲ್ಲಿ ಬಿಸಿ ಕಲ್ಲಿನ ಮೇಲೆ ನಿಂತಿದ್ದೀರಿ, ಕಾಲು ಸುಟ್ಟುಕೊಂಡ್ರೆ ಮಿಷನ್ ತುಳಿಯೋರು ಯಾರು, ನಾನಾ?"

ಪೆದ್ದಿಯ ಕಿವಿಗಳು ಅವರ ಕಡೆ ತಿರುಗಿದವು. ಅತ್ತೆ ಎಡಕ್ಕೆ ಬಂದರೆ ಎಡಕ್ಕೆ, ಬಲಕ್ಕೆ ಸರಿದರೆ ಬಲಕ್ಕೆ. ಹಗ್ಗ ಹಿಡಿದ ಆಳುಗಳನ್ನೂ ದರದರನೆ ಎಳೆದುಕೊಂಡು ಅವಳು ಅವರ ಹಿಂದೆಯೇ ಹೊರಟಳು. ಇದನ್ನು ಮೊದಲು ಗಮನಿಸಿದವರು ಕಪ್ತಾನರು.

"ಅಮ್ಮಾ, ಒಂದು ನಿಮಿಷ. ನೀವು ಈ ಹಡಗು ಹತ್ತಿ ಮೂತಿ ಹತ್ರ ನಿಂತುಕೊಂಡ್ರೆ..."

"ನಾನ್ಯಾಕೆ ಹತ್ಲಿ? ನೀವು ಯಾರು? ಆ ಕೋಟೇನು, ಆ ಅವತಾರವೇನು?"

"ಹೀಗೇ, ಹೀಗೇ ಅಮ್ಮಾ! ಕಡಲ ಕಡೆ ಮುಖ ಮಾಡಿ ಹೀಗೇ ಬೈತಾ ಇದ್ರೆ ಸಾಕು, ಇವಳು ನಿಮ್ಮ ಮಾತು ಹೋದ ಕಡೆಗೆ ಹೋಗ್ತಾಳೆ. ಇಲ್ದಿದ್ರೆ..." ಅವರು ಹಗ್ಗದ ಕಡೆ ನೋಡಿದರು.

ಅತ್ತೆಯೂ ನೋಡಿದರು. ಹಗ್ಗ ನೋಡಿದರು, ಆಳುಗಳನ್ನು ನೋಡಿದರು, ಮಗಳು ಹೋದಾಗಿನಿಂದ ನೋಡದೇ ಉಳಿದಿದ್ದ ಪೆದ್ದಿಯನ್ನೂ ಮೊದಲ ಸಲ ನೋಡಿದರು. ಪೆದ್ದಿ ಮೂತಿ ಚಾಚಿ ಅವರ ಕೈಯಲ್ಲಿದ್ದ ಚಪ್ಪಲಿಯನ್ನು ಮೂಸಿ, ಅದು ಯಾರದೆಂದು ಗೊತ್ತಾಗಿ, ತಿನ್ನದೆ ಬಿಟ್ಟಳು.

"ನನ್ನ ಮಗಳ ಕೈತುತ್ತು ತಿಂದೋಳು ಇವಳು," ಎಂದರು ಅತ್ತೆ. ಅಷ್ಟು ಮೆಲ್ಲಗಿನ ದನಿ ಅವರಿಗಿದೆಯೆಂದು ಯಾರಿಗೂ ಗೊತ್ತಿರಲಿಲ್ಲ. "ಕಟುಕರು ಮುಟ್ಟೋಕೆ ನಾನು ಬಿಡಲ್ಲ." ಮತ್ತೆ ಕಪ್ತಾನರ ಕಡೆ ತಿರುಗಿದರು. "ಆ ಮಾತಿನ ಕಡಲು ಅಂತಾರಲ್ಲ, ಅದು ಇದೇ ದಾರೀಲಿ ತಾನೆ ಸಿಗೋದು?"

"ಇದೇ ದಾರೀಲಿ ಅಮ್ಮಾ."

ದರ್ಜಿಗೆ ಆಗ ಅರ್ಥವಾಯಿತು. "ಅತ್ತೆ, ಬೇಡ. ಅದು ವಾಪಸ್ ಬರೋ ಹಡಗಲ್ಲ. ನೀವೂ ಹೋದ್ರೆ ನನ್ನನ್ನ ಯಾರು..."

"ಇವಳು ಬದುಕ್ಬೇಕೋ ಬೇಡ್ವೋ?"

"ಬದುಕ್ಬೇಕು."

"ಮತ್ತೆ?" ಅತ್ತೆ ಬಗ್ಗಿ, ಚಪ್ಪಲಿಗಳನ್ನು ಅವನ ಪಾದದ ಮುಂದೆ ಜೋಡಿಸಿಟ್ಟರು. "ಮೆಟ್ಟಿಕೊಳ್ಳಿ. ಕಾಲು ಸುಡುತ್ತೆ."

ಆಳುಗಳು ಹಗ್ಗ ಬಿಚ್ಚಿದರು. ಕಪ್ತಾನರ ಕೈ ಹಿಡಿದು ಅತ್ತೆ ಹಡಗು ಹತ್ತಿದರು. ಪೆದ್ದಿಯ ಮೂತಿಯ ಬಳಿ ನಿಂತು, ಸೆರಗು ಬಿಗಿದು, ಎದುರಿಗಿದ್ದ ಕಡಲಿಗೆ ಶುರು ಮಾಡಿದರು. "ಏನು ನೀನು, ಇಷ್ಟೊಂದು ನೀರಿಟ್ಕೊಂಡು ನೆಟ್ಟಗೆ ಮಲಗೋಕೂ ಬರಲ್ವಾ ನಿನಗೆ? ಏಯ್ ಪೆದ್ದಿ, ನಡಿ, ಏನು ಗೋಡೆ ಗುದ್ದೋದೊಂದೇ ಬರೋದಾ ನಿನಗೆ?" ಪೆದ್ದಿಯ ಕಿವಿಗಳು ಕಡಲ ಕಡೆಗೆ ಅರಳಿ ಗಾಳಿ ತುಂಬಿಕೊಂಡವು. ಅವಳು ಕಟ್ಟೆಯಿಂದ ನೀರಿಗೆ ಜಾರಿ ಓಡಿದಳು. ಆ ಬಂದರಿನಿಂದ ಅಷ್ಟು ಖುಷಿಯಾಗಿ ಹೋದ ಹಡಗು ಇನ್ನೊಂದಿಲ್ಲ.

ಬಂದರಿನ ಬಾಯಿಯ ಹತ್ತಿರ ಅತ್ತೆ ಒಮ್ಮೆ ದಡದ ಕಡೆ ತಿರುಗಿದರು. ದರ್ಜಿ ಇನ್ನೂ ಚಪ್ಪಲಿ ಮೆಟ್ಟಿರಲಿಲ್ಲ, ಅದು ಅವರಿಗೆ ಅಲ್ಲಿಂದಲೂ ಕಂಡಿರಬೇಕು. ಅವರು ಬಾಯಿ ತೆರೆದರು. ದರ್ಜಿ ಒಂದು ಹೆಜ್ಜೆ ಮುಂದೆ ಬಂದು ಕಿವಿಗೊಟ್ಟು ನಿಂತ.

"ಈ ಕಡೆ ಅಮ್ಮಾ, ಈ ಕಡೆ! ದಡದ ಕಡೆ ಒಂದು ಮಾತೂ ಬೇಡ, ಇವಳು ತಿರುಗಿಬಿಡ್ತಾಳೆ!" ಎಂದು ಕಪ್ತಾನರು ಕೂಗಿದ್ದು ಕೇಳಿಸಿತು.

ಅತ್ತೆ ಬಾಯಿ ಮುಚ್ಚಿದರು. ಅವನ ಕಡೆ ನೋಡಿ ಸುಮ್ಮನೆ ನಕ್ಕರು. ಆ ನಗುವನ್ನು ದರ್ಜಿ ಹಿಂದೊಮ್ಮೆ ನೋಡಿದ್ದ.

ಕಟ್ಟೆಯ ಮೇಲೆ ಎಲ್ಲರೂ ಅವನ ಬೆನ್ನು 'ಶಭಾಷ್' ಎಂದು ತಟ್ಟಿದರು. ಸೊಂಟಕ್ಕೆ ಟವೆಲು ಸುತ್ತಿಕೊಂಡಿದ್ದ ಮೇಷ್ಟ್ರು ಹಳೆಯದನ್ನೆಲ್ಲ ಮರೆತು ಕೈ ಕುಲುಕಿದರು. "ಅದೃಷ್ಟವಂತ ಕಣಯ್ಯ ನೀನು! ಹಡಗೂ ಉಳೀತು, ಅತ್ತೆ ಕಾಟಾನೂ ತಪ್ಪಿತು. ಇನ್ನು ಹಾಯಾಗಿರು." ದರ್ಜಿ ಎಲ್ಲರಿಗೂ ತಲೆಯಾಡಿಸಿ, ಚಪ್ಪಲಿಯನ್ನು ಕೈಯಲ್ಲೇ ಹಿಡಿದುಕೊಂಡು ಮನೆಗೆ ಬಂದ.

ಮನೆಯಲ್ಲಿ ಸದ್ದಿರಲಿಲ್ಲ. ತಟ್ಟೆಯಲ್ಲಿ ಅನ್ನ ಹಾಗೇ ಆರಿತ್ತು. ಹಿತ್ತಲ ಕಿಟಕಿಯಲ್ಲಿ ಪೆದ್ದಿಯ ತಲೆ ಇರುತ್ತಿದ್ದಷ್ಟು ಜಾಗದಲ್ಲಿ ಈಗ ಆಕಾಶವಿತ್ತು. ಅವನು ಒಂದು ಕ್ಷಣ ಯೋಚಿಸಿ, ಚಪ್ಪಲಿಗಳನ್ನು ತಂದು ಬಾಗಿಲಿನ ನಟ್ಟನಡುವೆ ಅಡ್ಡಡ್ಡ ಇಟ್ಟ. ದೀಪ ಹಚ್ಚದೆ ಸೂಜಿ ತೆಗೆದು ದಾರ ಪೋಣಿಸಲು ಕೂತ. ಮನೆ ಏನೂ ಅನ್ನಲಿಲ್ಲ.

ಬೀದಿಯಲ್ಲಿ ದೀಪ ಹಚ್ಚುವ ಹೊತ್ತಿಗೆ ಮೀನಕ್ಕ ಮುಚ್ಚಿದ ತಟ್ಟೆಯಲ್ಲಿ ಊಟ ತಂದಳು. ಬಾಗಿಲು ದಾಟುವಾಗ ಚಪ್ಪಲಿಗೆ ಎಡವಿ, ತಟ್ಟೆ ಸಮೇತ ಮುಗ್ಗರಿಸಿ, ಬಾಗಿಲ ಚೌಕಟ್ಟು ಹಿಡಿದುಕೊಂಡು ಹೇಗೋ ನಿಂತಳು. ಸಾರು ಅರ್ಧ ಅವಳ ಮೈಮೇಲೆಯೇ ಚೆಲ್ಲಿತು. ಅವಳ ಕಣ್ಣು ಕೆಂಪಾಯಿತು. ಸೊಂಟಕ್ಕೆ ಕೈ ಹೋಯಿತು. ಮಾರುಕಟ್ಟೆಯನ್ನೇ ನಡುಗಿಸುವ ಬಾಯಿ ಪೂರ್ತಿ ತೆರೆದುಕೊಂಡಿತು.

ಕತ್ತಲೆಯಲ್ಲಿ ಕೂತಿದ್ದ ದರ್ಜಿ ಸೂಜಿ ಕೆಳಗಿಟ್ಟು, ಆಸೆಯಿಂದ ಮುಖ ಎತ್ತಿದ.

ಮೀನಕ್ಕ ಅವನ ಮುಖ ನೋಡಿದಳು. ಬಾಯಿ ಮೆಲ್ಲಗೆ ಮುಚ್ಚಿಕೊಂಡಿತು.

"ಪರವಾಗಿಲ್ಲ ಬಿಡಿ ಅಣ್ಣಾ," ಎಂದಳು. ಬಗ್ಗಿ ಚಪ್ಪಲಿಗಳನ್ನು ಎತ್ತಿ ಗೋಡೆಯ ಪಕ್ಕ ನೀಟಾಗಿ ಜೋಡಿಸಿದಳು, ದೀಪ ಹಚ್ಚಿದಳು, ತಟ್ಟೆಯನ್ನು ಅವನ ಮುಂದಿಟ್ಟು, ಸದ್ದಾಗದಂತೆ ಬಾಗಿಲು ಎಳೆದುಕೊಂಡು ಹೋದಳು.